ಬೆಳಕು ಕಟ್ಟಿದ ಗೋಡೆ

1980ರಲ್ಲಿ ನ್ಯೂಯಾರ್ಕಿನ ವಿಟ್ನಿ ವಸ್ತುಸಂಗ್ರಹಾಲಯದಲ್ಲಿ ಜೇಮ್ಸ್ ಟರೆಲ್ ಎಂಬ ಕಲಾವಿದನ ಪ್ರದರ್ಶನ ಏರ್ಪಟ್ಟಿತ್ತು. ಅಲ್ಲಿ ಚೌಕಟ್ಟು ಹಾಕಿದ ಚಿತ್ರಗಳಿರಲಿಲ್ಲ, ಶಿಲ್ಪಗಳೂ ಇರಲಿಲ್ಲ. ಮಬ್ಬುಗತ್ತಲ ಕೋಣೆಗಳಲ್ಲಿ ಹದವಾಗಿ ಹರಡಿದ ಬೆಳಕಷ್ಟೇ ಇತ್ತು. ನೋಡಲು ಬಂದವರಲ್ಲಿ ಕೆಲವರು ಎದುರಿಗೆ ಕಂಡ ಗೋಡೆಗೆ ಒರಗಲು ಹೋಗಿ ಬಿದ್ದರು. ಅಲ್ಲಿ ಗೋಡೆಯೇ ಇರಲಿಲ್ಲ! ಬಿದ್ದವರ ದೂರು ನ್ಯಾಯಾಲಯದವರೆಗೂ ಹೋಯಿತು.

ಕತ್ತಲಲ್ಲಿ ಹಗ್ಗವನ್ನು ಹಾವೆಂದು ಬೆದರುವವನ ದೃಷ್ಟಾಂತ ನಮಗೆ ಹಳೆಯದು. ದೀಪ ತಂದರೆ ಹಾವು ಹೋಗಿ ಹಗ್ಗ ಉಳಿಯುತ್ತದೆ. ಆದರೆ ವಿಟ್ನಿಯಲ್ಲಿ ಭ್ರಮೆ ಹುಟ್ಟಿಸಿದ್ದು ದೀಪವೇ. ಬೆಳಕನ್ನು ವಸ್ತುಗಳನ್ನು ತೋರಿಸುವ ಸಾಧನವಾಗಿ ಬಳಸದೆ, ಬೆಳಕನ್ನೇ ವಸ್ತುವಾಗಿಸಿದ ಈ ಪಂಥಕ್ಕೆ 'ಲೈಟ್ ಅಂಡ್ ಸ್ಪೇಸ್', ಅಂದರೆ ಬೆಳಕು ಮತ್ತು ಅವಕಾಶದ ಕಲೆ ಎಂದು ಹೆಸರು.

ಇದು ಹುಟ್ಟಿದ್ದು 1960ರ ದಶಕದಲ್ಲಿ, ಅಮೆರಿಕದ ದಕ್ಷಿಣ ಕ್ಯಾಲಿಫೋರ್ನಿಯದಲ್ಲಿ. ಅದಕ್ಕೆ ಕಾರಣಗಳಿದ್ದವು. ಕಡಲ ತೀರದ ಪ್ರಖರ ಬಿಸಿಲು ಒಂದಾದರೆ, ಎರಡನೇ ಮಹಾಯುದ್ಧದ ನಂತರ ಲಾಸ್ ಏಂಜಲೀಸ್ ಸುತ್ತ ಬೆಳೆದ ವಿಮಾನ ಮತ್ತು ಬಾಹ್ಯಾಕಾಶ ಉದ್ಯಮ ಇನ್ನೊಂದು. ಅಕ್ರಿಲಿಕ್, ಪಾಲಿಯೆಸ್ಟರ್ ರಾಳ, ಫೈಬರ್ ಗ್ಲಾಸ್‌ನಂತಹ ಹೊಸ ವಸ್ತುಗಳು ಕಲಾವಿದರ ಕೈಗೆ ಎಟುಕಿದವು. ಲ್ಯಾರಿ ಬೆಲ್ ನಿರ್ವಾತ ಯಂತ್ರದ ನೆರವಿನಿಂದ ಗಾಜಿಗೆ ಅತಿ ತೆಳುವಾದ ಲೇಪ ಕೊಟ್ಟು, ಪಾರದರ್ಶಕವೋ ಕನ್ನಡಿಯೋ ಎಂದು ಹೇಳಲಾಗದಂತಹ ಘನಾಕೃತಿಗಳನ್ನು ಮಾಡಿದರು. 1971ರಲ್ಲಿ ಅಲ್ಲಿನ ವಿಶ್ವವಿದ್ಯಾಲಯವೊಂದು ಬೆಲ್, ರಾಬರ್ಟ್ ಇರ್ವಿನ್ ಮೊದಲಾದ ನಾಲ್ವರ ಪ್ರದರ್ಶನ ನಡೆಸಿತು. ಅದರ ಶೀರ್ಷಿಕೆಯಲ್ಲಿದ್ದ ಬೆಳಕು, ಅವಕಾಶ ಎಂಬ ಮಾತುಗಳೇ ಮುಂದೆ ಪಂಥದ ಹೆಸರಾದವು.

ಇರ್ವಿನ್ (1928-2023) ಮೊದಲು ವರ್ಣಚಿತ್ರಕಾರರು. ಚಿತ್ರದ ಅಂಚೇ ತೊಡಕೆಂದು ಅವರಿಗೆ ಅನ್ನಿಸಿತು. 1960ರ ದಶಕದ ಕೊನೆಯಲ್ಲಿ ಅವರು ದುಂಡನೆಯ ಬಿಳುಪು ತಟ್ಟೆಗಳನ್ನು ಗೋಡೆಯಿಂದ ಸ್ವಲ್ಪ ಮುಂದಕ್ಕೆ ನಿಲ್ಲಿಸಿ, ನಾಲ್ಕು ದಿಕ್ಕಿನಿಂದ ಮಂದ ದೀಪ ಹಾಯಿಸಿದರು. ತಟ್ಟೆ, ಅದರ ನೆರಳು, ಹಿಂದಿನ ಗೋಡೆ ಮೂರೂ ಒಂದರಲ್ಲೊಂದು ಕರಗಿ, ಅಂಚು ಎಲ್ಲಿದೆ ಎಂದು ಕಣ್ಣಿಗೆ ತಿಳಿಯದಾಯಿತು. ತಮ್ಮ ಕೃತಿಗಳ ಛಾಯಾಚಿತ್ರ ಪ್ರಕಟಿಸಲು ಇರ್ವಿನ್ ಬಹುಕಾಲ ಒಪ್ಪಲಿಲ್ಲ. ಎದುರಿಗೆ ನಿಂತವನ ಕಣ್ಣಿನಲ್ಲಿ ನಡೆಯುವುದನ್ನು ಕ್ಯಾಮೆರಾ ಹಿಡಿಯಲಾರದು ಎಂಬುದು ಅವರ ಕಾರಣ.

1943ರಲ್ಲಿ ಹುಟ್ಟಿದ ಟರೆಲ್ ಓದಿದ್ದು ಗ್ರಹಿಕೆಯ ಮನಶ್ಶಾಸ್ತ್ರ. ವಿಮಾನ ನಡೆಸಲೂ ಬಲ್ಲರು. 1966ರಲ್ಲಿ ಸಾಂಟಾ ಮೋನಿಕಾದ ಮೆಂಡೋಟ ಎಂಬ ಹಳೆಯ ಹೋಟೆಲ್ ಕಟ್ಟಡ ಹಿಡಿದು, ಕಿಟಕಿಗಳನ್ನೆಲ್ಲ ಮುಚ್ಚಿ ಕತ್ತಲು ಮಾಡಿಕೊಂಡರು. ಕೋಣೆಯ ಮೂಲೆಗೆ ಪ್ರೊಜೆಕ್ಟರಿನಿಂದ ಬೆಳಕು ಬಿಟ್ಟಾಗ ಗಾಳಿಯಲ್ಲಿ ತೇಲುವ ಘನಾಕೃತಿಯೊಂದು ಕಂಡಿತು. ಹತ್ತಿರ ಹೋದರೆ ಅದು ಗೋಡೆಯ ಮೇಲಿನ ಬೆಳಕಿನ ಮಚ್ಚೆ ಮಾತ್ರ.

1968-69ರಲ್ಲಿ ಲಾಸ್ ಏಂಜಲೀಸ್ ಕಲಾ ವಸ್ತುಸಂಗ್ರಹಾಲಯದ ಯೋಜನೆಯೊಂದರಡಿ ಇರ್ವಿನ್ ಮತ್ತು ಟರೆಲ್, ಎಡ್ವರ್ಡ್ ವರ್ಟ್ಜ್ ಎಂಬ ಮನೋವಿಜ್ಞಾನಿಯ ಜೊತೆ ಸೇರಿದರು. ವರ್ಟ್ಜ್ ಗ್ಯಾರೆಟ್ ಎಂಬ ವಿಮಾನೋದ್ಯಮ ಸಂಸ್ಥೆಯಲ್ಲಿ ಗಗನಯಾತ್ರಿಗಳ ಗ್ರಹಿಕೆಯನ್ನು ಅಭ್ಯಸಿಸುತ್ತಿದ್ದವರು. ಸದ್ದೂ ಬೆಳಕೂ ಇಲ್ಲದ ಕೋಣೆಯಲ್ಲಿ ಕುಳಿತು ಹೊರಬಂದವನಿಗೆ ಬೀದಿ ಹೇಗೆ ಕಾಣುತ್ತದೆ? ಎತ್ತ ನೋಡಿದರೂ ಒಂದೇ ಸಮನಾದ ಬೆಳಕಿದ್ದರೆ ಕಣ್ಣು ಏನು ಮಾಡುತ್ತದೆ? ಇಂತಹ ಪ್ರಶ್ನೆಗಳನ್ನು ಅವರು ಪರೀಕ್ಷಿಸಿದರು.

ಎರಡನೆಯ ಪ್ರಶ್ನೆಗೆ ಜರ್ಮನ್ ವಿಜ್ಞಾನಿಗಳು 1930ರ ಸುಮಾರಿಗೇ ಉತ್ತರ ಹುಡುಕಿದ್ದರು. ಕಣ್ಣು ದೂರವನ್ನು ಅಳೆಯುವುದು ಅಂಚು, ನೆರಳು, ಗೆರೆಗಳ ಆಧಾರದಿಂದ. ಅವು ಇಲ್ಲವಾದರೆ ಮುಂದಿರುವುದು ಒಂದು ಅಡಿಯೋ ನೂರು ಅಡಿಯೋ ತಿಳಿಯದು. ದಟ್ಟ ಮಂಜಿನಲ್ಲಿ ಘಾಟಿ ಇಳಿದವರಿಗೆ ಇದರ ಅನುಭವ ಇದ್ದೇ ಇದೆ. ವಿಟ್ನಿಯಲ್ಲಿ ಬಿದ್ದವರನ್ನು ಮೋಸಗೊಳಿಸಿದ್ದೂ ಇದೇ. ಎದುರಿಗಿದ್ದದ್ದು ಸಮನಾಗಿ ಬೆಳಗಿದ ಖಾಲಿ ಕೋಣೆಯ ಬಾಯಿ; ಆಳ ತೋರಿಸುವ ಗುರುತೊಂದೂ ಇಲ್ಲದ್ದರಿಂದ ಮೆದುಳು ಅದನ್ನು ಗೋಡೆಯೆಂದು ತೀರ್ಮಾನಿಸಿತು.

1969ರಲ್ಲಿ ಟರೆಲ್ ಆ ಯೋಜನೆಯಿಂದ ಹೊರಬಂದರು. ಅದರಿಂದ ಪ್ರದರ್ಶನಕ್ಕಿಡುವಂತಹ ಕೃತಿ ಹುಟ್ಟಲಿಲ್ಲ. ಆದರೆ ಇಬ್ಬರ ಮುಂದಿನ ಕೆಲಸಕ್ಕೆ ಅಲ್ಲಿಯ ಪಾಠವೇ ತಳಹದಿಯಾಯಿತು.

ಈ ಚರಿತ್ರೆಯಲ್ಲಿ ಒಂದು ಲೋಪವೂ ಇದೆ. 1968ರಲ್ಲಿ ಮೇರಿ ಕೋರ್ಸ್ ಎಂಬ ಯುವತಿ ಮಾಲಿಬು ರಸ್ತೆಯಲ್ಲಿ ಕಾರು ನಡೆಸುತ್ತಿದ್ದಾಗ, ರಸ್ತೆಯ ಬಿಳಿ ಗೆರೆಗಳು ದೀಪದ ಬೆಳಕಿಗೆ ಹೊಳೆಯುವುದನ್ನು ಗಮನಿಸಿದರು. ಆ ಬಣ್ಣದಲ್ಲಿ ಬೆರೆಸುವ ಸೂಕ್ಷ್ಮ ಗಾಜಿನ ಮಣಿಗಳನ್ನು ತಮ್ಮ ಚಿತ್ರಕ್ಕೆ ತಂದರು. ನೋಡುವವನು ಹೆಜ್ಜೆ ಸರಿಸಿದಂತೆ ಆ ಚಿತ್ರ ಬೆಳಗುತ್ತದೆ, ಆರುತ್ತದೆ. ಆದರೂ ವಸ್ತುಸಂಗ್ರಹಾಲಯವೊಂದು ಅವರ ಸಮಗ್ರ ಪ್ರದರ್ಶನ ಏರ್ಪಡಿಸಿದ್ದು 2018ರಲ್ಲಿ, ಅರ್ಧ ಶತಮಾನ ಕಳೆದ ಮೇಲೆ. ರಾಳದ ಗೋಳಗಳಲ್ಲಿ ಬೆಳಕು ಹಿಡಿದಿಟ್ಟ ಹೆಲೆನ್ ಪಾಶ್ಗಿಯನ್ ಅವರಿಗೂ ಲಾಸ್ ಏಂಜಲೀಸಿನ ದೊಡ್ಡ ವಸ್ತುಸಂಗ್ರಹಾಲಯದಲ್ಲಿ ಸ್ವತಂತ್ರ ಪ್ರದರ್ಶನ ದೊರೆತದ್ದು 2014ರಲ್ಲಿ, ಎಂಬತ್ತರ ಹೊತ್ತಿಗೆ. ಕಣ್ಣಿನ ಕುರುಡುತನವನ್ನು ತೋರಿಸಿದ ಪಂಥದ ಚರಿತ್ರಕಾರರೇ ಕಣ್ಣೆದುರಿಗಿದ್ದ ಮಹಿಳೆಯರನ್ನು ಕಾಣದೆ ಹೋದರು.

ಟರೆಲ್ 1974ರಲ್ಲಿ ವಿಮಾನದಿಂದ ಹುಡುಕಿ, 1977ರಲ್ಲಿ ಅರಿಜೋನದ ರೋಡನ್ ಕ್ರೇಟರ್ ಎಂಬ ತಣ್ಣಗಾದ ಜ್ವಾಲಾಮುಖಿಯನ್ನು ಕೊಂಡರು. ಅದರೊಳಗೆ ಸುಮಾರು 850 ಅಡಿ ಉದ್ದದ ಸುರಂಗ, ಆಕಾಶಕ್ಕೆ ತೆರೆದ ಕೋಣೆಗಳು ಸಿದ್ಧವಾಗಿವೆ. ಇಷ್ಟು ವರ್ಷವಾದರೂ ಸಾರ್ವಜನಿಕರಿಗೆ ಅದು ಪೂರ್ತಿಯಾಗಿ ತೆರೆದಿಲ್ಲ.

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎನ್ನುತ್ತದೆ ನಮ್ಮ ಗಾದೆ. ಕಣ್ಣಾರೆ ಕಂಡೆ ಎಂಬ ಮಾತಿನ ಮೇಲೆಯೇ ನಮ್ಮ ಸಾಕ್ಷ್ಯ, ಜಗಳ, ನಂಬಿಕೆಗಳೆಲ್ಲ ನಿಂತಿವೆ. ಕಾಣುವುದರಲ್ಲಿ ಅರ್ಧ ಕೆಲಸ ನಾವೇ ಮಾಡಿಕೊಂಡದ್ದು ಎಂದು ಈ ಕಲಾವಿದರು ಉಪದೇಶವಿಲ್ಲದೆ, ಒಂದು ಖಾಲಿ ಕೋಣೆಯಲ್ಲಿ ನಿಲ್ಲಿಸಿ ತೋರಿಸಿದರು. ಅಲ್ಲಿ ಒರಗಿ ಬಿದ್ದವರಿಗಂತೂ ಆ ಪಾಠ ಮರೆತಿರಲಾರದು.