ಜಾಲಹಳ್ಳಿಯಿಂದ ಪೀಣ್ಯದವರೆಗೆ: ದುಡಿಯುವವರ ಭದ್ರತೆ ಯಾರ ಹೊಣೆ?

2016ರ ಏಪ್ರಿಲ್ 18ರಂದು ಬೆಂಗಳೂರಿನ ಹೊಸೂರು ರಸ್ತೆಯ ಗಾರ್ಮೆಂಟ್ಸ್ ಕಾರ್ಖಾನೆಗಳಿಂದ ಸಾವಿರಾರು ಹೆಣ್ಣುಮಕ್ಕಳು ಕೆಲಸ ಬಿಟ್ಟು ಹೊರಬಂದು ರಸ್ತೆಯಲ್ಲೇ ಕುಳಿತರು. ಮರುದಿನ ಪ್ರತಿಭಟನೆ ತುಮಕೂರು ರಸ್ತೆಗೆ, ಪೀಣ್ಯಕ್ಕೆ, ಜಾಲಹಳ್ಳಿ ಕ್ರಾಸಿಗೆ ಹಬ್ಬಿತು. ಬಸ್ಸುಗಳಿಗೆ ಬೆಂಕಿ ಬಿತ್ತು, ಹೆಬ್ಬಗೋಡಿ ಠಾಣೆಯ ಬಳಿ ವಾಹನಗಳು ಸುಟ್ಟವು, ಪೊಲೀಸರು ಲಾಠಿ ಬೀಸಿದರು. ಇದಕ್ಕೆ ಯಾವ ದೊಡ್ಡ ಯೂನಿಯನ್ನೂ ಕರೆ ಕೊಟ್ಟಿರಲಿಲ್ಲ. ಸಿಟ್ಟಿಗೆ ಕಾರಣ ಪಿಎಫ್, ಅಂದರೆ ಭವಿಷ್ಯ ನಿಧಿ. ಮಾಲೀಕರು ತುಂಬಿದ ಪಾಲನ್ನು ನೌಕರರು 58 ವರ್ಷವಾಗುವವರೆಗೆ ತೆಗೆಯುವಂತಿಲ್ಲ ಎಂದು ಕೇಂದ್ರ ಸರ್ಕಾರ ಆ ಫೆಬ್ರವರಿಯಲ್ಲಿ ಅಧಿಸೂಚನೆ ಹೊರಡಿಸಿತ್ತು. 19ರ ಸಂಜೆಯೊಳಗೆ ಅದನ್ನು ಹಿಂತೆಗೆದುಕೊಂಡಿತು. ಮುಪ್ಪಿಗೆ ಆಸರೆಯಾಗಲೆಂದು ಮಾಡಿದ ನಿಯಮವನ್ನು, ಆ ಆಸರೆ ಎಲ್ಲರಿಗಿಂತ ಹೆಚ್ಚು ಬೇಕಾದವರೇ ಬೀದಿಗಿಳಿದು ಬೇಡವೆಂದರು. ಇದು ತಿಳಿವಳಿಕೆ ಇಲ್ಲದವರ ಗಲಾಟೆ ಎಂದು ಆಗ ಬಹಳ ಮಂದಿ ಮಾತಾಡಿದರು. ಆ ಮಾತು ತಪ್ಪು. ಆ ಎರಡು ದಿನಗಳ ಹಿಂದೆ ಎಪ್ಪತ್ತು ವರ್ಷಗಳ ಚರಿತ್ರೆಯಿದೆ. ಜಾಗತೀಕರಣ ನಮ್ಮ ಕಲ್ಯಾಣ ರಾಜ್ಯವನ್ನು ಮುಗಿಸಿಬಿಟ್ಟಿತು ಎನ್ನುವವರಿಗೂ, ಅದರಿಂದ ಎಲ್ಲರಿಗೂ ಒಳ್ಳೆಯದೇ ಆಯಿತು ಎನ್ನುವವರಿಗೂ ಈ ಚರಿತ್ರೆ ಸುಲಭದ ಉತ್ತರ ಕೊಡುವುದಿಲ್ಲ. ಕಾನೂನುಗಳು ಪುಸ್ತಕದಲ್ಲಿ ಬಹುಕಾಲ ಹಾಗೆಯೇ ಉಳಿದವು, ಸರ್ಕಾರದ ಖರ್ಚೂ ಬೆಳೆಯಿತು. ಆದರೆ ದುಡಿಸಿಕೊಂಡವನ ಹೆಗಲ ಮೇಲಿದ್ದ ಹೊಣೆ ಮೆಲ್ಲಗೆ ಜಾರಿ, ಅರ್ಧ ಖಜಾನೆಯ ಮೇಲೆ, ಅರ್ಧ ದುಡಿಯುವವಳ ಮನೆಯ ಮೇಲೆ ಬಿತ್ತು.

ಆ ಹೊಣೆಯನ್ನು ಕಾರ್ಖಾನೆಯ ಮೇಲೆ ಹೊರಿಸಿದ್ದು ಸ್ವಾತಂತ್ರ್ಯ ಬಂದ ಆಸುಪಾಸಿನ ವರ್ಷಗಳಲ್ಲಿ. 1948 ಒಂದೇ ವರ್ಷದಲ್ಲಿ ಕಾರ್ಖಾನೆ ಕಾಯ್ದೆ, ಕನಿಷ್ಠ ವೇತನ ಕಾಯ್ದೆ, ಕಾರ್ಮಿಕರ ವಿಮೆಯ ಇಎಸ್‌ಐ ಕಾಯ್ದೆಗಳು ಬಂದವು. 1952ರಲ್ಲಿ ಪಿಎಫ್ ಕಾಯ್ದೆ ಬಂತು. ಬೆಂಗಳೂರಿನಲ್ಲಿ ಇವಕ್ಕೆ ಜೀವ ಬಂದದ್ದು ಸಾರ್ವಜನಿಕ ಉದ್ದಿಮೆಗಳಿಂದ. ಉದ್ಯಮಿ ವಾಲ್‌ಚಂದ್ ಹೀರಾಚಂದ್ ಮೈಸೂರು ಸರ್ಕಾರದ ಜೊತೆ ಸೇರಿ 1940ರಲ್ಲಿ ವಿಮಾನ ಕಾರ್ಖಾನೆ ಎಚ್‌ಎಎಲ್ ಕಟ್ಟಿದ್ದರು. 1948ರಲ್ಲಿ ಟೆಲಿಫೋನು ಮಾಡುವ ಐಟಿಐ, 1953ರಲ್ಲಿ ಯಂತ್ರ ಮಾಡುವ ಎಚ್‌ಎಂಟಿ, 1954ರಲ್ಲಿ ಎಲೆಕ್ಟ್ರಾನಿಕ್ಸ್‌ನ ಬಿಇಎಲ್ ಬಂದವು. ಹಳ್ಳಿಗಳ ಹೊಲಗಳಿದ್ದ ಕಡೆ ದೂರವಾಣಿನಗರ ಎದ್ದಿತು, ಜಾಲಹಳ್ಳಿಯ ಕಾಲೊನಿಗಳು ಎದ್ದವು. ಕ್ವಾರ್ಟರ್ಸು, ಶಾಲೆ, ಆಸ್ಪತ್ರೆ, ರಿಯಾಯಿತಿ ದರದ ಕ್ಯಾಂಟೀನು, ಮನೆಯ ಹತ್ತಿರಕ್ಕೇ ಬರುವ ಫ್ಯಾಕ್ಟರಿ ಬಸ್ಸು, ನಾಟಕ ಆಡಿಸುವ, ರಾಜ್ಯೋತ್ಸವ ಮಾಡುವ ಕನ್ನಡ ಸಂಘ, ಎಲ್ಲವೂ ಕಾರ್ಖಾನೆಯ ಹೆಸರಲ್ಲೇ ನಡೆಯುತ್ತಿದ್ದವು. ಕೋಲಾರ, ತುಮಕೂರು, ಮಂಡ್ಯದ ರೈತಾಪಿ ಮನೆಗಳಿಂದ ಬಂದ ಹುಡುಗ ಐಟಿಐ ಗೇಟಿನೊಳಗೆ ಕಾಲಿಟ್ಟರೆ ಕಾಯಿಲೆ, ಮಕ್ಕಳ ಓದು, ಮುಪ್ಪು, ಮೂರರ ಚಿಂತೆಯೂ ಹಗುರಾಗುತ್ತಿತ್ತು. ಯುರೋಪಿನಲ್ಲಿ ರಾಜ್ಯವೇ ಮಾಡಿದ ಕೆಲಸವನ್ನು ಇಲ್ಲಿ ಕಾರ್ಖಾನೆ ಮಾಡಿತು. ಆ ಕಾರ್ಖಾನೆಗಳೂ ಹೊರಜಗತ್ತಿಗೆ ಬಾಗಿಲು ಮುಚ್ಚಿಕೊಂಡು ಹುಟ್ಟಿದವಲ್ಲ. ಎಚ್‌ಎಂಟಿಯ ಯಂತ್ರಗಳ ವಿದ್ಯೆ ಸ್ವಿಟ್ಜರ್ಲೆಂಡಿನ ಓರ್ಲಿಕಾನ್ ಕಂಪನಿಯಿಂದ, ಗಡಿಯಾರಗಳ ವಿದ್ಯೆ ಜಪಾನಿನ ಸಿಟಿಜನ್‌ನಿಂದ, ಬಿಇಎಲ್‌ನ ವಿದ್ಯೆ ಫ್ರಾನ್ಸಿನಿಂದ ಬಂದದ್ದು. ಹೊರಗಿನ ಜ್ಞಾನ ಬಂತು, ಆದರೆ ಬೆಲೆಯನ್ನು ಇಲ್ಲಿಯೇ ಗೊತ್ತುಮಾಡಲಾಗುತ್ತಿತ್ತು. ಮುಂದೆ ಬಂದ ಗಾರ್ಮೆಂಟ್ಸ್ ಕಾರ್ಖಾನೆಗಳಿಗೂ ಇವಕ್ಕೂ ಮುಖ್ಯವಾದ ವ್ಯತ್ಯಾಸ ಇರುವುದು ಇಲ್ಲಿ.

ಈ ವ್ಯವಸ್ಥೆಯನ್ನು ಸ್ವರ್ಗವೆಂದು ಹಾಡಿ ಹೊಗಳುವುದು ಸುಳ್ಳಾದೀತು. ಅದರ ಖರ್ಚು ಹೊತ್ತದ್ದು ಮುಚ್ಚಿದ ಮಾರುಕಟ್ಟೆ. ಟೆಲಿಫೋನು ಬೇಕಾದವರು ವರ್ಷಗಟ್ಟಲೆ ಕಾದರು, ಗಡಿಯಾರ ಬೇಕಾದವರು ಎಚ್‌ಎಂಟಿಯನ್ನೇ ಕೊಂಡರು. ಗೇಟಿನ ಒಳಗಿದ್ದವರು ರಾಜ್ಯದ ದುಡಿಯುವವರಲ್ಲಿ ಸಣ್ಣ ಪಾಲು. ಕೂಲಿ, ಬೀಡಿ, ಕಟ್ಟಡ ಕೆಲಸ, ಮನೆಗೆಲಸದವರಿಗೆ ಆ ಆಸ್ಪತ್ರೆಯೂ ಇರಲಿಲ್ಲ, ಆ ಶಾಲೆಯೂ ಇರಲಿಲ್ಲ. ಬಿನ್ನಿ ಮಿಲ್, ಮಿನರ್ವ ಮಿಲ್‌ಗಳ ಹಳೆಯ ಕಾರ್ಮಿಕರು ಸಾರ್ವಜನಿಕ ಉದ್ದಿಮೆಗಳ ಸೌಲಭ್ಯಗಳನ್ನು ದೂರದಿಂದಲೇ ನೋಡಿದರು. ಮಾಗಡಿ ರಸ್ತೆ ಕಡೆಯ ಆ ಮಿನರ್ವ ಮಿಲ್ಲಿನ ಹೆಸರು ದೇಶದ ಕಾನೂನು ವಿದ್ಯಾರ್ಥಿಗಳಿಗೆಲ್ಲ ಗೊತ್ತು. ನಷ್ಟದಲ್ಲಿದ್ದ ಅದನ್ನು ಕೇಂದ್ರ ವಹಿಸಿಕೊಂಡದ್ದನ್ನು ಪ್ರಶ್ನಿಸಿ ಮಾಲೀಕರು ಸುಪ್ರೀಂ ಕೋರ್ಟಿಗೆ ಹೋದರು. ಮೂಲಭೂತ ಹಕ್ಕುಗಳೂ ರಾಜ್ಯ ನೀತಿಯ ನಿರ್ದೇಶಕ ತತ್ವಗಳೂ ಸಮತೋಲದಲ್ಲಿರಬೇಕು ಎಂದು ಕೋರ್ಟು 1980ರಲ್ಲಿ ಹೇಳಿತು. ಕೆಲಸದ ಹಕ್ಕು, ಕಾಯಿಲೆ ಮತ್ತು ಮುಪ್ಪಿನಲ್ಲಿ ನೆರವು, ಬದುಕಲು ಸಾಕಾಗುವ ಕೂಲಿ ಇವೆಲ್ಲ ಆ ನಿರ್ದೇಶಕ ತತ್ವಗಳಲ್ಲೇ ಇರುವುದು. ಸಂವಿಧಾನ ಕಲ್ಯಾಣವನ್ನು ಎಲ್ಲ ಪ್ರಜೆಗಳಿಗೂ ಕೊಡಹೊರಟಿತ್ತು. ಆಚರಣೆಯಲ್ಲಿ ಅದು ಗುರುತಿನ ಚೀಟಿ ಇದ್ದ ಕಾರ್ಮಿಕನಿಗೆ ಮಾತ್ರ ತಲುಪಿತು. ಹೊರಗಿನಿಂದ ಪೆಟ್ಟು ಬಿದ್ದಾಗ ಅದನ್ನು ಉಳಿಸಿಕೊಳ್ಳಲು ಊರೆಲ್ಲ ಎದ್ದು ನಿಲ್ಲದೆ ಹೋದದ್ದಕ್ಕೆ ಈ ಕಿರಿದಾದ ವ್ಯಾಪ್ತಿಯೇ ದೊಡ್ಡ ಕಾರಣ. 1980ರ ಡಿಸೆಂಬರಿನಿಂದ, ಇನ್ನೊಂದು ಸಾರ್ವಜನಿಕ ಉದ್ದಿಮೆಯಾದ ಬಿಎಚ್‌ಇಎಲ್‌ಗೆ ಸಮನಾದ ಸಂಬಳ ಕೇಳಿ ಬೆಂಗಳೂರಿನ ಸಾರ್ವಜನಿಕ ಉದ್ದಿಮೆಗಳ ಕಾರ್ಮಿಕರು 77 ದಿನ ಮುಷ್ಕರ ಹೂಡಿದರು. ಅಷ್ಟು ದೊಡ್ಡ ಹೋರಾಟ ಗೇಟಿನ ಹೊರಗಿದ್ದವರ ಬೇಡಿಕೆಯನ್ನೂ ಜೊತೆಗೆ ಎತ್ತಿಕೊಂಡಿದ್ದರೆ ನಗರದ ಚರಿತ್ರೆ ಬೇರೆಯಾಗುತ್ತಿತ್ತೇನೋ.

1991ರ ಜುಲೈಯಲ್ಲಿ ಕೈಗಾರಿಕಾ ಪರವಾನಗಿ ಪದ್ಧತಿ ಬಹುಪಾಲು ಹೋಯಿತು. ಆ ವರ್ಷಗಳಲ್ಲಿ ಶೇ. 150 ಇದ್ದ ಗರಿಷ್ಠ ಆಮದು ಸುಂಕ 2007ರ ಹೊತ್ತಿಗೆ ಕೃಷಿಯೇತರ ಸರಕುಗಳಿಗೆ ಶೇ. 10ಕ್ಕೆ ಇಳಿಯಿತು. ಟೆಲಿಫೋನ್ ಉಪಕರಣಗಳ ತಯಾರಿಕೆ ಖಾಸಗಿಯವರಿಗೆ ತೆರೆಯಿತು, ಐಟಿಐಯ ಏಕಸ್ವಾಮ್ಯ ಮುಗಿಯಿತು. ಸ್ವಯಂ ನಿವೃತ್ತಿಯ ವಿಆರ್‌ಎಸ್ ಎಂಬ ಮೂರಕ್ಷರ ಕಾಲೊನಿಗಳ ಮನೆಮಾತಾಯಿತು. 2016ರ ಜನವರಿಯಲ್ಲಿ ಎಚ್‌ಎಂಟಿ ವಾಚಸ್ ಮುಚ್ಚಲು ಕೇಂದ್ರ ಸಂಪುಟ ಒಪ್ಪಿತು. ಇಲ್ಲಿ ಒಂದು ಆಕ್ಷೇಪ ಬರುತ್ತದೆ, ಅದರಲ್ಲಿ ಹುರುಳಿದೆ. ಎಚ್‌ಎಂಟಿ ಗಡಿಯಾರವನ್ನು ಸೋಲಿಸಿದ್ದು ವಿದೇಶಿ ಕಂಪನಿಯಲ್ಲ. 1984ರಲ್ಲಿ ಟಾಟಾ ಬಳಗವೂ ತಮಿಳುನಾಡು ಸರ್ಕಾರದ ಸಂಸ್ಥೆಯೂ ಸೇರಿ ಕಟ್ಟಿದ ಟೈಟನ್, ಬೆಂಗಳೂರಿನ ಪಕ್ಕದ ಹೊಸೂರಿನಲ್ಲೇ 1991ಕ್ಕೆ ಮೊದಲೇ ಕ್ವಾರ್ಟ್ಜ್ ಗಡಿಯಾರ ಮಾಡತೊಡಗಿ ಕೊನೆಗೆ ಅದನ್ನು ಹಿಂದಿಕ್ಕಿತು. ಹಾಗಾಗಿ ಕಾರ್ಖಾನೆ ಮುಚ್ಚಿದ್ದಕ್ಕೆಲ್ಲ ಜಾಗತೀಕರಣವೇ ಕಾರಣವೆಂದು ನಾನು ಹೇಳುವುದಿಲ್ಲ. ಉದ್ದಿಮೆಗಳು ಹುಟ್ಟುತ್ತವೆ, ಮುಚ್ಚುತ್ತವೆ. ಆದರೆ ಹಳೆಯ ಉದ್ದಿಮೆಯ ಜೊತೆಗೇ ಆಸ್ಪತ್ರೆ, ಶಾಲೆ, ಮನೆಗಳೂ ಏಕೆ ಹೋಗಬೇಕು, ಹೊಸ ಉದ್ದಿಮೆಯ ಜೊತೆ ಅವು ಏಕೆ ಬರಲಿಲ್ಲ, ಇದನ್ನು ಕೇಳಲೇಬೇಕು. ಉತ್ತರ ಪೀಣ್ಯ, ಬೊಮ್ಮಸಂದ್ರ, ಮೈಸೂರು ರಸ್ತೆಯ ಗಾರ್ಮೆಂಟ್ಸ್‌ನಲ್ಲಿ ಸಿಗುತ್ತದೆ.

ಬಟ್ಟೆ ವ್ಯಾಪಾರಕ್ಕೆ 1974ರಿಂದ ದೇಶವಾರು ಕೋಟಾ ಇತ್ತು. ಅಮೆರಿಕ, ಯುರೋಪು ಯಾವ ದೇಶದಿಂದ ಎಷ್ಟು ಬಟ್ಟೆ ಕೊಳ್ಳಬೇಕೆಂಬುದನ್ನು ಅದು ಗೊತ್ತುಮಾಡುತ್ತಿತ್ತು. 2004ರ ಕೊನೆಗೆ ಕೋಟಾ ಮುಗಿದ ಮೇಲೆ ಬೆಂಗಳೂರಿನ ಅಂಗಿ ಚೀನಾ, ವಿಯೆಟ್ನಾಂ, ಬಾಂಗ್ಲಾದೇಶದ ಅಂಗಿಗಳ ಎದುರು ನೇರವಾಗಿ ನಿಲ್ಲಬೇಕಾಯಿತು. ಬಾಂಗ್ಲಾದ ಅಂಗಿಗೆ ಯುರೋಪಿನಲ್ಲಿ 2001ರಿಂದಲೇ ಸುಂಕವಿಲ್ಲ. ಬೆಂಗಳೂರು ಮತ್ತು ಸುತ್ತಮುತ್ತ ನಾಲ್ಕೈದು ಲಕ್ಷ ಜನ ಈ ಕೆಲಸದಲ್ಲಿದ್ದಾರೆಂದು ಅಂದಾಜು, ಅವರಲ್ಲಿ ಹೆಚ್ಚಿನವರು ಹೆಂಗಸರು. ಮೊದಲ ಬಾರಿಗೆ ಇಷ್ಟೊಂದು ಹೆಣ್ಣುಮಕ್ಕಳ ಕೈಗೆ ತಿಂಗಳ ಸಂಬಳ ಬಂದದ್ದು, ಗಂಡನ ಮುಂದೆ, ಅತ್ತೆಯ ಮುಂದೆ ಮಾತಿಗೆ ತೂಕ ಬಂದದ್ದು ಜಾಗತೀಕರಣದ ಲೆಕ್ಕಕ್ಕೇ ಸೇರಬೇಕು. ಹಳೆಯ ಕಾರ್ಖಾನೆಗಳು ಅಷ್ಟು ಜನ ಹೆಂಗಸರನ್ನು ಎಂದೂ ಒಳಗೆ ಬಿಟ್ಟುಕೊಂಡಿರಲಿಲ್ಲ. ಕಾಗದದ ಮೇಲೆ ಕಾನೂನೂ ಅವರ ಕೈಬಿಟ್ಟಿಲ್ಲ. ಪಿಎಫ್ ಇದೆ, ಇಎಸ್‌ಐ ಇದೆ, ಮೂವತ್ತಕ್ಕಿಂತ ಹೆಚ್ಚು ಹೆಂಗಸರಿದ್ದ ಕಡೆ ಮಕ್ಕಳಿಗೆ ಕೂಸಿನ ಮನೆ ಇರಬೇಕೆಂಬ 1948ರ ನಿಯಮವೂ ಇತ್ತು. ಅಂಗಿಯ ಬೆಲೆ ಮಾತ್ರ ಇಲ್ಲಿ ನಿರ್ಧಾರವಾಗುವುದಿಲ್ಲ. ಖರೀದಿಸುವ ಬ್ರ್ಯಾಂಡು ಎಲ್ಲೋ ಕುಳಿತು ಒಂದು ಅಂಗಿಗೆ ಇಷ್ಟು ನಿಮಿಷ, ಇಷ್ಟು ಹಣ ಎಂದು ಗೊತ್ತುಮಾಡುತ್ತದೆ. ಅದು ಹೊಲಿಗೆಯ ಲೈನಿಗೆ ಬರುವ ಹೊತ್ತಿಗೆ ಗಂಟೆಯ ಟಾರ್ಗೆಟ್ ಆಗಿರುತ್ತದೆ.

ತಿಂಗಳಿಗೆ 10,000 ರೂಪಾಯಿ ಮೂಲ ವೇತನ ಮತ್ತು ತುಟ್ಟಿಭತ್ಯೆ ಇರುವ ಟೈಲರ್ ಒಬ್ಬಳ ಪೇಸ್ಲಿಪ್ಪನ್ನೇ ನೋಡೋಣ. ಅವಳ ಸಂಬಳದಿಂದ ಪಿಎಫ್‌ಗೆ 1,200 ಹೋಗುತ್ತದೆ, ಈಗಿನ ದರದಂತೆ ಇಎಸ್‌ಐಗೆ 75. ಮಾಲೀಕರೂ 1,200 ತುಂಬುತ್ತಾರೆ. ಅದರಲ್ಲಿ 833 ಪಿಂಚಣಿ ನಿಧಿಗೆ, ಉಳಿದ 367 ಅವಳ ಪಿಎಫ್ ಖಾತೆಗೆ. 2016ರ ಅಧಿಸೂಚನೆ ಬೀಗ ಹಾಕಹೊರಟದ್ದು ಈ ಪಾಲಿಗೆ. ಮನೆ ಬಾಡಿಗೆಗೆ, ರೇಷನ್ನಿಗೆ, ಸಂಘದ ಸಾಲದ ಕಂತಿಗೆ, ಮಕ್ಕಳ ಫೀಸಿಗೆ ಸಂಬಳ ಸಾಲುವುದಿಲ್ಲ. ಮಗಳ ಮದುವೆ, ಗಂಡನ ಆಪರೇಷನ್, ಊರಿನ ಮನೆಯ ರಿಪೇರಿ ಬಂದಾಗ ಕೆಲಸ ಬಿಟ್ಟು ಪಿಎಫ್ ತೆಗೆದು, ಮತ್ತೊಂದು ಫ್ಯಾಕ್ಟರಿಗೆ ಸೇರುವುದು ಅನೇಕರು ಹಿಡಿದ ದಾರಿ. ಐದು ವರ್ಷ ತುಂಬದೆ ಬಿಟ್ಟರೆ ಗ್ರಾಚ್ಯುಟಿಯೂ ಹೋಯಿತು. ದಿನವಿಡೀ ಮಷಿನ್ ತುಳಿದ ಮೈ 58ರವರೆಗೆ ಈ ಕೆಲಸ ತಾಳೀತೆಂಬ ಭರವಸೆ ಅವಳಿಗಿಲ್ಲ. ಮೂವತ್ತು ವರ್ಷ ಒಂದೇ ಗೇಟಿನಲ್ಲಿ ದುಡಿಯುವ ಎಚ್‌ಎಂಟಿ ಕಾರ್ಮಿಕನನ್ನು ಮನಸ್ಸಿನಲ್ಲಿಟ್ಟುಕೊಂಡು ಮಾಡಿದ ಕಾನೂನು, ಗೇಟಿನಿಂದ ಗೇಟಿಗೆ ಅಲೆಯುವ ಹೆಂಗಸಿನ ಕೈಯಲ್ಲಿ ಆಪತ್ಕಾಲದ ಉಳಿತಾಯವಾಗಿ ಮಾರ್ಪಟ್ಟಿತು. 2016ರಲ್ಲಿ ಅವರು ಬೇಡವೆಂದದ್ದು ಭದ್ರತೆಯನ್ನಲ್ಲ. ತಮ್ಮ ಬದುಕಿನಲ್ಲಿ ಉಳಿದಿದ್ದ ಒಂದೇ ಭದ್ರತೆಗೆ ಬೀಗ ಬೀಳುವುದನ್ನು ಅವರು ತಡೆದರು.

ಬೆಲೆ ಕಟ್ಟುವವನು ದೂರವಿದ್ದರೆ ಸ್ಥಳೀಯ ಕಾನೂನಿಗೆ ಏನಾಗುತ್ತದೆ ಎಂಬುದಕ್ಕೆ 417 ರೂಪಾಯಿ 60 ಪೈಸೆಯ ಕಥೆಯೂ ಸಾಕ್ಷಿ. 2020ರ ಏಪ್ರಿಲಿನಿಂದ ರಾಜ್ಯದ ಗಾರ್ಮೆಂಟ್ಸ್ ಕಾರ್ಮಿಕರಿಗೆ ತಿಂಗಳಿಗೆ ಅಷ್ಟು ತುಟ್ಟಿಭತ್ಯೆ ಹೆಚ್ಚಾಗಬೇಕಿತ್ತು. ಕೋವಿಡ್ ಕಷ್ಟವನ್ನು ಮಾಲೀಕರು ಮುಂದಿಟ್ಟರು, ಸರ್ಕಾರ ಅದನ್ನು ಮುಂದೂಡಿತು, ಹೈಕೋರ್ಟು ಕೊಡಬೇಕೆಂದಿತು. ಆದರೂ ಅನೇಕ ಕಾರ್ಖಾನೆಗಳು ಕೊಡಲಿಲ್ಲ. ಕೊನೆಗೆ ಕಾರ್ಮಿಕ ಸಂಘಟನೆಗಳ ಪಟ್ಟುಹಿಡಿದ ಹೋರಾಟದ ಜೊತೆ ವಿದೇಶಿ ಬ್ರ್ಯಾಂಡುಗಳ ಮೇಲೆ ಅವರವರ ದೇಶಗಳಲ್ಲೇ ಒತ್ತಡ ಬಿದ್ದ ಮೇಲೆ, 2022ರ ಸುಮಾರಿಗೆ ಬಾಕಿ ಹಣ ಕೈಗೆ ಬರತೊಡಗಿತು. ಜಾಗತಿಕ ಸಂಪರ್ಕವೇ ಕಾರ್ಮಿಕರಿಗೆ ನ್ಯಾಯ ಕೊಡಿಸಿತಲ್ಲ ಎಂದು ಇದನ್ನು ಹೊಗಳುವವರಿದ್ದಾರೆ. ಅದು ನಿಜವೂ ಹೌದು. ಆದರೆ ಕನಿಷ್ಠ ವೇತನದ ಕಾನೂನು, ಹೈಕೋರ್ಟಿನ ಮಾತು ಎರಡಕ್ಕೂ ಬಾರದ ಹಣ, ದೂರದ ಖರೀದಿದಾರ ಕಣ್ಣು ಕೆಂಪಗೆ ಮಾಡಿದಾಗ ಬಂತು. ಆಳುವ ಬಲ ಎಲ್ಲಿಗೆ ಸರಿದಿದೆ ಎಂಬುದು ಇದರಿಂದ ತಿಳಿಯುತ್ತದೆ. 2023ರಲ್ಲಿ ಕಾರ್ಖಾನೆ ಕಾಯ್ದೆಗೆ ತಿದ್ದುಪಡಿ ತಂದು ವಾರಕ್ಕೆ 48 ಗಂಟೆಯ ಮಿತಿಯೊಳಗೆ ದಿನಕ್ಕೆ 12 ಗಂಟೆ ದುಡಿಸಲು ಕರ್ನಾಟಕ ಅವಕಾಶ ಕೊಟ್ಟದ್ದೂ ಹೂಡಿಕೆ ಬೇರೆಡೆಗೆ ಹೋದೀತೆಂಬ ಭಯದಲ್ಲೇ.

ಹೊರಜಗತ್ತಿಗೆ ತೆರೆದುಕೊಂಡರೆ ಇದೆಲ್ಲ ಆಗಲೇಬೇಕೆ? ಆಗಬೇಕಿಲ್ಲ ಎಂಬುದಕ್ಕೆ ಸ್ವೀಡನ್ ಇದೆ. ರಫ್ತನ್ನೇ ನೆಚ್ಚಿದ ಆ ಸಣ್ಣ ದೇಶದಲ್ಲಿ ಮಾಲೀಕರು ಸಂಬಳದ ಮೇಲೆ ತುಂಬುವ ಸಾಮಾಜಿಕ ವಂತಿಗೆ ಶೇ. 31.42. ನಮ್ಮಲ್ಲಿ ಪಿಎಫ್ ಮತ್ತು ಇಎಸ್‌ಐ ಸೇರಿದರೆ ಶೇ. 15.25. ತೆರೆದುಕೊಂಡ ಆರ್ಥಿಕತೆಗಳಲ್ಲಿ ಸರ್ಕಾರದ ಗಾತ್ರ ಹೆಚ್ಚಾಗಿಯೇ ಇರುತ್ತದೆ ಎಂದು ಅರ್ಥಶಾಸ್ತ್ರಜ್ಞ ಡ್ಯಾನಿ ರಾಡ್ರಿಕ್ 1998ರಲ್ಲೇ ತೋರಿಸಿದ್ದರು. ಹೊರಗಿನ ಏರುಪೇರಿಗೆ ಸಿಕ್ಕ ಜನ ರಕ್ಷಣೆ ಕೇಳುತ್ತಾರೆ ಎಂಬುದು ಅವರ ವಿವರಣೆ. ಆದರೆ ಸ್ವೀಡನ್ನಿನ ಕಾರ್ಮಿಕರಿಗೆ ಸಂಘಟನೆಯ ಬಲವಿದೆ, ವಂತಿಗೆ ತಪ್ಪಿಸಿಕೊಂಡು ಹೋಗಲು ಮಾಲೀಕನಿಗೆ ಪಕ್ಕದ ಜಿಲ್ಲೆಯಿಲ್ಲ. ಬೆಂಗಳೂರಿನ ಬಾಡಿಗೆ, ಕೂಲಿ ಏರಿದಾಗ ಗಾರ್ಮೆಂಟ್ಸ್ ಘಟಕಗಳು ಮದ್ದೂರು, ದೊಡ್ಡಬಳ್ಳಾಪುರ, ಹಾಸನಕ್ಕೆ ಸರಿದವು. ಅಲ್ಲಿ ಕನಿಷ್ಠ ವೇತನದ ವಲಯವೂ ಬೇರೆ.

ಸರ್ಕಾರ ಈಗ ಮೊದಲಿಗಿಂತ ಹೆಚ್ಚು ಕೊಡುತ್ತಿದೆಯಲ್ಲ ಎಂಬ ಇನ್ನೊಂದು ಆಕ್ಷೇಪವೂ ಗಟ್ಟಿಯಾದದ್ದೇ. ಅನ್ನಭಾಗ್ಯದ ಅಕ್ಕಿ ಇದೆ, 2023ರಿಂದ ಶಕ್ತಿ ಯೋಜನೆಯ ಉಚಿತ ಬಸ್ಸಿದೆ, ಗೃಹಲಕ್ಷ್ಮಿಯ ತಿಂಗಳ 2,000 ರೂಪಾಯಿ ಇದೆ. ಗೇಟಿನ ಹೊರಗಿದ್ದ ಕೂಲಿಯವಳಿಗೂ ಇವು ತಲುಪಿವೆ. ಹಳೆಯ ಕಾಲೊನಿಗಳ ಕಲ್ಯಾಣ ಎಂದೂ ಮಾಡದ ಕೆಲಸ ಇದು, ಇದನ್ನು ಬಿಟ್ಟಿ ಎಂದು ಹಳಿಯುವುದನ್ನು ನಾನು ಒಪ್ಪುವುದಿಲ್ಲ. ಆದರೂ ಲೆಕ್ಕದ ಇನ್ನೊಂದು ಮಗ್ಗುಲು ನೋಡಬೇಕು. ಟೈಲರ್ ಹೆಂಗಸಿನ ಬಸ್ ಚಾರ್ಜನ್ನೂ ಅಕ್ಕಿಯನ್ನೂ ಖಜಾನೆ ಹೊತ್ತರೆ, ಅವಳಿಗೆ ಸಾಲದ ಸಂಬಳ ಕೊಟ್ಟು ಅಂಗಿ ಅಗ್ಗವಾಗಿ ಮಾರುವವರ ಭಾರವೂ ಅಷ್ಟರ ಮಟ್ಟಿಗೆ ಇಳಿಯುತ್ತದೆ. ಕರಾವಳಿಯ ಬೀಡಿ ಕಾರ್ಮಿಕರಿಗೆ ಆದದ್ದೂ ಇದೇ ಜಾತಿಯದು. 1976ರ ಕಾಯ್ದೆಯಂತೆ ಬೀಡಿಯ ಮೇಲೆಯೇ ಸೆಸ್ ಎತ್ತಿ, ಆ ಹಣದಲ್ಲಿ ಅವರ ಆಸ್ಪತ್ರೆ, ಮನೆ, ಮಕ್ಕಳ ವಿದ್ಯಾರ್ಥಿವೇತನ ನಡೆಯುತ್ತಿದ್ದವು. 2017ರಲ್ಲಿ ಜಿಎಸ್‌ಟಿ ಬಂದಾಗ ಆ ಸೆಸ್ ರದ್ದಾಯಿತು. ಸರಕಿನಿಂದಲೇ ಹಕ್ಕಾಗಿ ಬರುತ್ತಿದ್ದ ಹಣಕ್ಕೆ ಈಗ ಪ್ರತಿ ವರ್ಷದ ಬಜೆಟ್ಟಿನತ್ತ ನೋಡಬೇಕು.

ಹೊಣೆಯನ್ನು ಮತ್ತೆ ದುಡಿಸಿಕೊಳ್ಳುವವರ ಕಡೆಗೆ ತಿರುಗಿಸುವ ಪ್ರಯತ್ನ ಕರ್ನಾಟಕದಲ್ಲಿ 2025ರಲ್ಲಿ ನಡೆದಿದೆ. ಆ್ಯಪ್ ಆಧಾರಿತ ಗಿಗ್ ಕಾರ್ಮಿಕರ ಕಾಯ್ದೆಯಂತೆ, ಊಟ ತಲುಪಿಸುವ, ಕ್ಯಾಬ್ ಓಡಿಸುವ ಹುಡುಗರಿಗೆ ಕಂಪನಿ ಪ್ರತಿ ಕೆಲಸಕ್ಕೆ ಕೊಡುವ ಹಣದ ಮೇಲೆ ಶೇ. 1ರಿಂದ 5ರವರೆಗೆ ಕಲ್ಯಾಣ ಶುಲ್ಕ ಕಟ್ಟಬೇಕು. ಗೇಟು ಯಾವುದು, ಎಷ್ಟು ವರ್ಷ ದುಡಿದೆ ಎಂಬ ಪ್ರಶ್ನೆಗಳು ಇಲ್ಲಿ ಬರುವುದಿಲ್ಲ. ಕೆಲಸ ನಡೆದಲ್ಲೆಲ್ಲ ವಂತಿಗೆ ಹುಟ್ಟುತ್ತದೆ, ಕಾರ್ಮಿಕ ಕಂಪನಿ ಬದಲಿಸಿದರೂ ಅವನ ಹೆಸರಿನ ನೋಂದಣಿ ಉಳಿಯುತ್ತದೆ. ಗಾರ್ಮೆಂಟ್ಸ್‌ಗೆ ಈ ಕ್ರಮವನ್ನು ತರಲು ಏನು ಅಡ್ಡಿ? ಬೆಂಗಳೂರಿನ ಗ್ರಾಹಕನಿಗೆ ಊಟ ತಲುಪಿಸುವ ಕೆಲಸವನ್ನು ಬೇರೆ ದೇಶಕ್ಕೆ ಒಯ್ಯಲಾಗದು, ಅಂಗಿ ಹೊಲಿಯುವುದನ್ನು ಒಯ್ಯಬಹುದು ಎಂಬುದು ಮಾಲೀಕರ ಉತ್ತರ. ಅದಕ್ಕೆ ಒಂದು ರಾಜ್ಯ ಒಂಟಿಯಾಗಿ ಎದುರು ನಿಲ್ಲಲಾರದು. ರಫ್ತಾಗುವ ಪ್ರತಿ ಅಂಗಿಯ ಮೇಲೆ ಖರೀದಿದಾರನಿಂದಲೇ ವಸೂಲಾಗುವ ವಂತಿಗೆಯನ್ನು ದೆಹಲಿ, ಢಾಕಾ, ಹನೋಯ್ ಒಟ್ಟಾಗಿ ಕೇಳಿದರೆ ಬ್ರ್ಯಾಂಡುಗಳಿಗೆ ಓಡಿಹೋಗಲು ಜಾಗ ಕಡಿಮೆಯಾಗುತ್ತದೆ. ಪ್ರಪಂಚದ ದೇಶಗಳು ಬಟ್ಟೆಯ ಕೋಟಾಕ್ಕಾಗಿ ಮೂವತ್ತು ವರ್ಷ ಒಂದೇ ಮೇಜಿನ ಸುತ್ತ ಕುಳಿತಿದ್ದವು. ಹೊಲಿಯುವವರ ಮುಪ್ಪಿಗಾಗಿ ಅಂಥ ಮಾತುಕತೆ ಇನ್ನೂ ಶುರುವಾಗಿಲ್ಲ.