ಹಸಿಯುವ ಲೋಹ: ರಸಗ್ರಂಥಗಳಲ್ಲಿ ಪಾದರಸದ ಜೀವ ಮತ್ತು ಕಾಲ

ಕಾಲವನ್ನು ತಡೆಯಬಲ್ಲ ವಸ್ತುವೊಂದಿದ್ದರೆ ಅದಕ್ಕೆ ಜೀವ ಇರಲೇಬೇಕು ಎಂಬುದು ಭಾರತದ ರಸಸಿದ್ಧರು ಹಿಡಿದ ದಾರಿ. ಸುಮಾರು 10ರಿಂದ 14ನೇ ಶತಮಾನದ ನಡುವೆ ರೂಪುಗೊಂಡ ರಸಹೃದಯತಂತ್ರ, ರಸಾರ್ಣವ, ರಸರತ್ನಸಮುಚ್ಚಯಗಳಲ್ಲಿ ಪಾದರಸ ಬೆವರುತ್ತದೆ, ಮೂರ್ಛೆ ಹೋಗುತ್ತದೆ, ಎದ್ದು ಕೂರುತ್ತದೆ, ಹಸಿದು ತುತ್ತು ನುಂಗುತ್ತದೆ. ಅದು ಶಿವನ ವೀರ್ಯ, ಗಂಧಕ ಪಾರ್ವತಿಯ ರಜಸ್ಸು ಎಂಬ ಪುರಾಣವನ್ನು ಹಿಡಿದು ಇದನ್ನೆಲ್ಲ ತಾಂತ್ರಿಕ ರೂಪಕವೆಂದು ಓದುವ ರೂಢಿಯಿದೆ. ಆ ಓದು ತಪ್ಪಲ್ಲ, ಆದರೆ ಸಾಲದು. ಈ ಮಾತುಗಳಲ್ಲಿ ಬಹುಪಾಲು ಪೂಜಾಕೋಣೆಯಿಂದ ಬಂದವಲ್ಲ, ಒಲೆಯ ಮುಂದೆ ಕೂತವರು ಕಂಡದ್ದರಿಂದ ಬಂದವು ಎಂಬುದು ನನ್ನ ವಾದ.

ರಸರತ್ನಸಮುಚ್ಚಯ ಹೇಳುವ ಪಾದರಸದ ಐದು ಗತಿಗಳನ್ನು ನೋಡಿ. ನೀರಿನಂತೆ ಹರಿದುಹೋಗುವುದು, ಹಂಸದಂತೆ ಸಾಗುವುದು, ಕಸದೊಡನೆ ಹೋಗುವುದು, ಹೊಗೆಯಾಗಿ ಹೋಗುವುದು, ಈ ನಾಲ್ಕೂ ಕಣ್ಣಿಗೆ ಬೀಳುತ್ತವೆ. ಐದನೆಯದು ಕಾಣದು. ದೇಹದಿಂದ ಜೀವ ಹೊರಟಂತೆ ಹೊರಡುವ ಅದಕ್ಕೆ ಜೀವಗತಿ ಎಂದೇ ಹೆಸರು. ಪಾದರಸ ಕುದಿಯುವುದು 357 ಡಿಗ್ರಿ ಸೆಲ್ಸಿಯಸ್ ಸುಮಾರಿಗೆ, ಆದರೆ ಕೋಣೆಯ ಬಿಸಿಗೇ ಅದು ಸದ್ದಿಲ್ಲದೆ ಆವಿಯಾಗುತ್ತಿರುತ್ತದೆ. ಮುಚ್ಚಳ ಸಡಿಲವಾಗಿದ್ದ ಪಾತ್ರೆಯಲ್ಲಿ ತೂಕ ಕಡಿಮೆಯಾದದ್ದನ್ನು ಕಂಡವರು ಬರೆದ ಮಾತಿದು. ನಷ್ಟದ ಲೆಕ್ಕ ಇಟ್ಟವರಿಗಷ್ಟೇ ಹೊಳೆಯುವಂಥದ್ದು.

ಹಸಿವಿನ ಮಾತೂ ಹಾಗೆಯೇ. ಪಾದರಸದಲ್ಲಿ ಚಿನ್ನದ ರೇಕು ಅದ್ದಿದರೆ ಅದು ಕಣ್ಣೆದುರೇ ಕರಗಿ ಮಾಯವಾಗುತ್ತದೆ. ಗ್ರಂಥಕಾರರಿಗೆ ಅದು ಗ್ರಾಸ, ಅಂದರೆ ತುತ್ತು. ತುತ್ತಿಗೆ ಮೊದಲು ರಸಕ್ಕೆ ಬಾಯಿ ಬರಬೇಕು, ಹಸಿವು ಕೆರಳಬೇಕು. ನುಂಗಿದ ಮೇಲೆ ಜೀರ್ಣವಾಗಬೇಕು, ಅದೇ ಜಾರಣ. ಮುಖ್ಯ ಆಹಾರ ಅಭ್ರಕ, ನಮ್ಮ ಕಾಗೆಬಂಗಾರ. ಚಿನ್ನವನ್ನು ನುಂಗುವ ಪಾದರಸ ಅಭ್ರಕವನ್ನು ಅಷ್ಟು ಸುಲಭವಾಗಿ ಮುಟ್ಟದು. ಈ ಗ್ರಂಥಗಳಲ್ಲಿ ಅಭ್ರಕವನ್ನು ಉಣಿಸುವ ಉಪಾಯಗಳಿಗೆ ಅಷ್ಟೊಂದು ಜಾಗ ಹೋಗಿರುವುದಕ್ಕೆ ಇದೂ ಕಾರಣವಿದ್ದೀತು.

ಇನ್ನು ಸಾವು. ಪಾದರಸವನ್ನು ಗಂಧಕದೊಡನೆ ಖಲ್ವದಲ್ಲಿ ಅರೆಯುತ್ತಾ ಹೋದರೆ ಹೊಳಪು ಅಡಗಿ, ಓಟ ನಿಂತು, ಕಾಡಿಗೆಯಂಥ ಪುಡಿಯಾಗುತ್ತದೆ. ಇದು ಕಜ್ಜಲಿ. ಅದನ್ನು ಬಟ್ಟೆ-ಮಣ್ಣಿನ ಲೇಪ ಕೊಟ್ಟ ಗಾಜಿನ ಕುಪ್ಪಿಗೆ ತುಂಬಿ, ಮರಳಿನ ನಡುವೆ ಹೂತು, ಹದವಾಗಿ ಕಾಯಿಸಿದರೆ ಕುಪ್ಪಿಯ ಕತ್ತಿನಲ್ಲಿ ಕೆಂಪು ರಸಸಿಂಧೂರ ಕಟ್ಟಿಕೊಳ್ಳುತ್ತದೆ. ಗಣಿಯ ಇಂಗಳೀಕವೂ ರಸಾಯನದ ದೃಷ್ಟಿಯಲ್ಲಿ ಇದೇ, ಪಾದರಸದ ಸಲ್ಫೈಡ್. ಇಂಗಳೀಕವನ್ನು ಊರ್ಧ್ವಪಾತನ ಯಂತ್ರದಲ್ಲಿ ಕಾಯಿಸಿದರೆ ಮೇಲಿನ ಮಡಕೆಯ ತಳಕ್ಕೆ ಹನಿಹನಿಯಾಗಿ ಪಾದರಸವೇ ಮತ್ತೆ ಅಂಟುತ್ತದೆ. ಸುಟ್ಟ ಕಟ್ಟಿಗೆ ಮರಳಿ ಮರವಾಗದ ಲೋಕದಲ್ಲಿ ಸತ್ತ ಲೋಹ ಎದ್ದುಬಂದಿತ್ತು! ಇದನ್ನು ಒಲೆಯ ಮೇಲೆ ಮತ್ತೆ ಮತ್ತೆ ಕಂಡವರು ಅದೇ ಗುಣವನ್ನು ದೇಹಕ್ಕೂ ದಾಟಿಸಬಹುದೆಂದು ನಂಬಿದ್ದರಲ್ಲಿ ಆಶ್ಚರ್ಯವಿಲ್ಲ. ರಸವನ್ನು ಮೊದಲು ಲೋಹದ ಮೇಲೆ ಪರೀಕ್ಷಿಸು, ಗೆದ್ದರೆ ದೇಹಕ್ಕೆ ಕೊಡು ಎಂಬುದು ರಸಾರ್ಣವದ ನಿಲುವು. ಕಟ್ಟಿದ ರಸದ ಗುಳಿಗೆಯನ್ನು ಬಾಯಲ್ಲಿಟ್ಟುಕೊಂಡವನು ಆಕಾಶದಲ್ಲಿ ಸಂಚರಿಸುತ್ತಾನೆ, ಮುಪ್ಪು ಅವನ ಬಳಿ ಸುಳಿಯದು ಎಂಬುದು ಅವರ ನಂಬಿಕೆ.

ಹೊರಗಿನವರಲ್ಲಿ ಈ ನಂಬಿಕೆಯ ಬಗ್ಗೆ ಎಲ್ಲರಿಗಿಂತ ಚೆನ್ನಾಗಿ ಬರೆದವನು ಅಲ್‌ಬಿರೂನಿ, 1030ರ ಸುಮಾರಿಗೆ. ಅವನಿಗೆ ಇದರಲ್ಲಿ ಎಳ್ಳಷ್ಟೂ ವಿಶ್ವಾಸವಿರಲಿಲ್ಲ, ಆದರೂ ಧಾರಾನಗರದ ಕಥೆಯೊಂದನ್ನು ಬಿಡದೆ ದಾಖಲಿಸಿದ್ದಾನೆ. ಅಮರನಾಗಿ, ಅಜೇಯನಾಗಿ ಮಾಡುವ ರಸಾಯನವನ್ನು ಒಬ್ಬಾತ ರಾಜನ ಬಳಿಗೆ ತರುತ್ತಾನೆ. ಕುದಿಯುವ ಎಣ್ಣೆಯ ಕೊಪ್ಪರಿಗೆಗೆ ಹಾರಲು ರಾಜ ಹೆದರಿದಾಗ, ಮದ್ದಿನ ಪೊಟ್ಟಣಗಳನ್ನು ಯಾವಾಗ ಯಾವುದನ್ನು ಹಾಕಬೇಕೆಂದು ತಿಳಿಸಿ ತಾನೇ ಹಾರುತ್ತಾನೆ. ರಾಜ ಒಂದೊಂದೇ ಹಾಕುತ್ತಾ ಬಂದು ಕೊನೆಯ ಪೊಟ್ಟಣದ ಹೊತ್ತಿಗೆ ಕೈ ತಡೆಯುತ್ತಾನೆ: ಇವನು ಸಾವಿಲ್ಲದವನಾಗಿ ಎದ್ದು ಬಂದರೆ ನನ್ನ ರಾಜ್ಯದ ಗತಿಯೇನು? ಕೊಪ್ಪರಿಗೆ ಆರಿದಾಗ ಒಳಗಿದ್ದುದು ಮನುಷ್ಯನ ಅವಯವಗಳ ಗುರುತುಳ್ಳ ಬೆಳ್ಳಿಯ ಗಟ್ಟಿ. ಅರಮನೆಯ ಬಾಗಿಲಲ್ಲಿ ಅದು ಬಿದ್ದಿತ್ತಂತೆ. ರಸವಿದ್ಯೆ ಆಸ್ಥಾನಗಳಲ್ಲಿ ಹುಟ್ಟಿಸಿರಬಹುದಾದ ಆಸೆ, ಭಯ ಎರಡನ್ನೂ ಒಟ್ಟಿಗೆ ಹಿಡಿದ ಇಂಥ ಕಥೆ ಇನ್ನೊಂದು ನನಗೆ ಸಿಕ್ಕಿಲ್ಲ.

ಕನ್ನಡನಾಡಿನಲ್ಲಿ ಈ ವಿಚಾರಕ್ಕೆ ಎರಡು ಬಗೆಯ ಸ್ವಾಗತ ಸಿಕ್ಕಿತು. 14ನೇ ಶತಮಾನದ ವಿಜಯನಗರದ ಪರಿಸರದಲ್ಲಿ ಮಾಧವಾಚಾರ್ಯರ ಹೆಸರಿನಲ್ಲಿ ಬಂದ ಸರ್ವದರ್ಶನಸಂಗ್ರಹ ರಸೇಶ್ವರ ದರ್ಶನಕ್ಕೆ ಒಂದು ಅಧ್ಯಾಯವನ್ನೇ ಕೊಟ್ಟು, ಬದುಕಿರುವಾಗಲೇ ಮುಕ್ತಿ ಬೇಕಿದ್ದರೆ ದೇಹ ಸ್ಥಿರವಾಗಬೇಕು ಎಂಬ ಅದರ ತರ್ಕವನ್ನು ಗಂಭೀರವಾಗಿ ನಿರೂಪಿಸುತ್ತದೆ. ಶರಣರ ಪರಂಪರೆ ಹಾಗೆ ಮಾಡಲಿಲ್ಲ. 15ನೇ ಶತಮಾನದ ಚಾಮರಸನ ಪ್ರಭುಲಿಂಗಲೀಲೆಯಲ್ಲಿ ವಜ್ರಕಾಯದ ಗೋರಕ್ಷನಿಗೆ ಕತ್ತಿ ತಾಗಿದರೆ ಲೋಹದ ಸದ್ದು ಬರುತ್ತದೆ, ಅಲ್ಲಮನಿಗೆ ಬೀಸಿದ ಕತ್ತಿ ಬಯಲಲ್ಲಿ ಆಡಿದಂತೆ ಹಾದುಹೋಗುತ್ತದೆ. ಗೋರಕ್ಷನ ಸಿದ್ಧಿಯನ್ನು ಇಲ್ಲಿ ಯಾರೂ ಸುಳ್ಳೆನ್ನುವುದಿಲ್ಲ. ಗಟ್ಟಿಯಾದ ದೇಹವೇ ಗೆಲುವು ಎಂಬುದನ್ನು ಮಾತ್ರ ಒಪ್ಪುವುದಿಲ್ಲ.

1902ರಲ್ಲಿ ಹಿಂದೂ ರಸಾಯನಶಾಸ್ತ್ರದ ಇತಿಹಾಸದ ಮೊದಲ ಸಂಪುಟ ಪ್ರಕಟಿಸಿದ ಪ್ರಫುಲ್ಲಚಂದ್ರ ರಾಯ್ ಸ್ವತಃ ಪಾದರಸದ ನೈಟ್ರೈಟ್ ತಯಾರಿಸಿ ಹೆಸರಾದವರು. ಅವರಿಂದೀಚೆಗೆ ಈ ಗ್ರಂಥಗಳ ಯಂತ್ರ, ಮೂಸೆ, ಪುಟಗಳಿಗೆ ವಿಜ್ಞಾನದ ಇತಿಹಾಸದಲ್ಲಿ ಜಾಗ ಸಿಕ್ಕಿತು. ಜೀವದ ಭಾಷೆ ಮಾತ್ರ ಬದಿಗೆ ಸರಿಯಿತು. ಆ ಬೇರ್ಪಡಿಕೆಯ ಬೀಜ ಪರಂಪರೆಯೊಳಗೇ ಇತ್ತು ಎಂಬುದನ್ನು ಗಮನಿಸಬೇಕು. ಪಾದರಸಕ್ಕೆ ಹೇಳಿದ ಸಂಸ್ಕಾರಗಳು 18, ಮದ್ದಿಗೆ ಮೊದಲ 8 ಸಾಕು. ಎಂಟನೆಯದು ದೀಪನ, ಹಸಿವು ಕೆರಳಿಸುವುದು. ಉಣಿಸುವ ಕೆಲಸ ಒಂಬತ್ತರಿಂದ ಶುರು, ಲೋಹವೇಧ ಮತ್ತು ದೇಹಸಿದ್ಧಿ ಕೊನೆಯಲ್ಲಿ. ವೈದ್ಯರು ಎಂಟಕ್ಕೇ ನಿಂತರು.