ಫೋನ್ ಕುಕ್ಕದೆ ಮಾತು ಮುಗಿಸುವುದು

ಶುಕ್ರವಾರ ಸಂಜೆ ಲೈವ್ ಸರ್ವರ್ ಮುಟ್ಟಬಾರದು ಅಂತ ನಮ್ಮ ಫೀಲ್ಡಿನಲ್ಲಿ ಒಂದು ಮಾತಿದೆ. ರಾಹುಕಾಲಕ್ಕಿಂತ ಕಟ್ಟುನಿಟ್ಟಾಗಿ ಪಾಲಿಸುವ ಮಾತದು. ನಾನು ಮುಟ್ಟಿದ್ದು ಮಂಗಳವಾರ ಮಧ್ಯಾಹ್ನ. ಹಾಗಾಗಿ ಧೈರ್ಯವಾಗಿಯೇ ಇದ್ದೆ.

ಕೆಲಸಕ್ಕೆ ಸೇರಿ ಎರಡನೇ ವರ್ಷ. ಸ್ಕ್ರೀನಿನ ಮೇಲೆ ಅಕ್ಕಪಕ್ಕ ಎರಡು ಕಪ್ಪು ಕಿಟಕಿ. ಎಡಗಡೆಯದು ನನ್ನ ಲ್ಯಾಪ್‌ಟಾಪಿನಲ್ಲೇ ಓಡುತ್ತಿದ್ದ ಲೋಕಲ್ ವೆಬ್ ಸರ್ವರ್. ಬಲಗಡೆಯದು ಊರ ಜನ ಬಳಸುತ್ತಿದ್ದ ಲೈವ್ ಸರ್ವರ್. ಲೋಕಲ್‌ನಲ್ಲಿ ಒಂದು ಸಾಲು ತಿದ್ದೋದು, ರಿಸ್ಟಾರ್ಟ್ ಕೊಡೋದು, ಬ್ರೌಸರಿನಲ್ಲಿ ನೋಡೋದು. ಬೆಳಗಿಂದ ಇದೇ ಕೆಲಸ. ಬೆರಳುಗಳು ತಲೆಯನ್ನ ಕೇಳೋದನ್ನೇ ಬಿಟ್ಟಿದ್ದವು. ಮೇಲಿನ ಬಾಣದ ಗುರುತು, ಎಂಟರ್. ಮೇಲಿನ ಬಾಣ, ಎಂಟರ್.

ಒಂದು ಸಲ ಎಂಟರ್ ಹೊಡೆದದ್ದು ಬಲಗಡೆ ಕಿಟಕಿಯಲ್ಲಿ.

ಬರೀ ಅಷ್ಟೇ ಆಗಿದ್ರೆ ಎರಡು ಸೆಕೆಂಡಿನ ವಿಷಯ. ಆದ್ರೆ ಲೈವ್ ಸರ್ವರಿನ ಸೆಟಿಂಗ್ಸ್ ಫೈಲನ್ನ ಬೆಳಿಗ್ಗೆ ನಾನೇ ಅರ್ಧ ತಿದ್ದಿ, ಒಂದು ಬ್ರಾಕೆಟ್ ಮುಚ್ಚದೆ, ಊಟಕ್ಕೆ ಹೋಗಿದ್ದೆ. ಓಡುತ್ತಿರುವ ಸರ್ವರ್ ಆ ಫೈಲನ್ನ ಮತ್ತೆ ಮತ್ತೆ ನೋಡಲ್ಲ. ಶುರುವಾಗುವಾಗ ಒಮ್ಮೆ ಓದಿ ತಲೆಯಲ್ಲಿ ಇಟ್ಟುಕೊಳ್ಳುತ್ತೆ. ನಮ್ಮ ರಿಸ್ಟಾರ್ಟ್ ಸ್ಕ್ರಿಪ್ಟ್ ಹಳೇ ಸರ್ವರನ್ನ ನಿಲ್ಲಿಸಿತು. ಹೊಸದು ಫೈಲ್ ಓದೋಕೆ ಹೋಗಿ, ಮುಚ್ಚದ ಬ್ರಾಕೆಟ್ ನೋಡಿ, ಏಳಲೇ ಇಲ್ಲ. ಅದು ಮಕ್ಕಳ ಫೀಸ್ ಕಟ್ಟುವ ಪುಟ. ಐದು ನಿಮಿಷದಲ್ಲಿ ಯಾರೋ ತಂದೆ ಸಪೋರ್ಟಿಗೆ ಫೋನ್ ಮಾಡಿದ್ರು. "ದುಡ್ಡು ಕಟ್ಟಾಗಿದೆ, ಪೇಜೇ ಬರ್ತಿಲ್ಲ, ಇವತ್ತು ಕಡೇ ದಿನ ಕಣ್ರೀ." ಅವರ ದುಡ್ಡು ಸಂಜೆಗೆ ಸರಿಹೋಯ್ತು. ಆ ದನಿ ಮಾತ್ರ ಇನ್ನೂ ನನ್ನ ಕಿವಿಯಲ್ಲಿದೆ.

ನಮ್ಮ ಟೀಮಿನ ಹಿರಿಯರೊಬ್ಬರು ಬಂದು ಬ್ರಾಕೆಟ್ ಮುಚ್ಚಿ ಸರ್ವರ್ ಎಬ್ಬಿಸಿದ್ರು. ಬೈಯಲಿಲ್ಲ. ಕುರ್ಚಿ ಎಳ್ಕೊಂಡು ಕೂತು ಇಷ್ಟು ಹೇಳಿದ್ರು: "ರಿಸ್ಟಾರ್ಟ್ ಅಂದ್ರೆ ಒಂದು ಕೆಲಸ ಅಲ್ಲಪ್ಪಾ, ಎರಡು. ನಿಲ್ಲಿಸೋದು, ಶುರು ಮಾಡೋದು. ಮೊದಲನೇದು ಯಾವಾಗ್ಲೂ ಆಗುತ್ತೆ. ಎರಡನೇದಕ್ಕೆ ಗ್ಯಾರಂಟಿ ಇಲ್ಲ."

ಆ ಎರಡರ ನಡುವಿನ ಸಂದಿ ಎಷ್ಟು ಹಳೇದು, ಅದನ್ನ ಮುಚ್ಚೋಕೆ ಯಾರ್ಯಾರು ಏನೇನು ಮಾಡಿದ್ರು ಅಂತ ಆಮೇಲೆ ಹುಡುಕುತ್ತಾ ಹೋದೆ. ಕಥೆ ಶುರುವಾಗೋದು ವೆಬ್‌ನಿಂದ ಅಲ್ಲ, ಟೆಲಿಫೋನಿನಿಂದ.

ಯುನಿಕ್ಸ್ ಹುಟ್ಟಿದ್ದು 1969ರಲ್ಲಿ, ಅಮೆರಿಕದ ಬೆಲ್ ಲ್ಯಾಬ್ಸ್‌ನಲ್ಲಿ. ಮಾಡಿದವರು ಕೆನ್ ಥಾಂಪ್ಸನ್, ಡೆನಿಸ್ ರಿಚಿ ಮತ್ತವರ ಜೊತೆಗಾರರು. ಬೆಲ್ ಲ್ಯಾಬ್ಸ್ ಟೆಲಿಫೋನ್ ಕಂಪನಿಯ ಸಂಶೋಧನಾಲಯ ಅನ್ನೋದನ್ನ ನೆನಪಿಡಿ. ಆಗ ಕಂಪ್ಯೂಟರ್ ಒಂದು ಕೋಣೆಯಲ್ಲಿ, ಬಳಸುವವರು ಬೇರೆ ಕಡೆ. ಟೈಪ್‌ರೈಟರಿನಂಥ ಟೆಲಿಟೈಪ್ ಮುಂದೆ ಕೂತು, ದೂರದಲ್ಲಿದ್ರೆ ಮೋಡೆಮ್ ಮೂಲಕ ಫೋನ್ ಲೈನಿನಲ್ಲಿ ಕಂಪ್ಯೂಟರಿಗೆ ಕರೆ ಮಾಡಿ ಕೆಲಸ ಮಾಡಬೇಕಿತ್ತು. ಮಧ್ಯದಲ್ಲಿ ಲೈನ್ ಕಟ್ಟಾದ್ರೆ? ಈ ಕಡೆಯವರು ಫೋನ್ ಕುಕ್ಕಿ ಎದ್ದು ಹೋದ್ರೆ? ಅವರು ಬಿಟ್ಟುಹೋದ ಪ್ರೋಗ್ರಾಮುಗಳು ಕೇಳುವವರಿಲ್ಲದೆ ಒದರುತ್ತಾ ಕೂರಬಾರದಲ್ಲ. ಅದಕ್ಕೇ ಯುನಿಕ್ಸ್ ಅವುಗಳಿಗೆ ಒಂದು ಸಂಕೇತ ಕಳಿಸುತ್ತಿತ್ತು: "ಆ ಕಡೆಯವರು ಫೋನ್ ಇಟ್ಟರು, ನೀನೂ ಹೊರಡು." ಅದರ ಹೆಸರು ಹ್ಯಾಂಗಪ್, ಚಿಕ್ಕದಾಗಿ ಹಪ್. ಸಂಕೇತಗಳ ಪಟ್ಟಿಯಲ್ಲಿ ಅದಕ್ಕೆ ಇವತ್ತಿಗೂ ನಂಬರ್ 1.

ಇಂಥ ಸಂಕೇತಗಳನ್ನ ನಾವೇ ಕಳಿಸೋಕೂ ಒಂದು ಕಮಾಂಡ್ ಇದೆ. ಹೆಸರು 'ಕಿಲ್'. ಕೊಲ್ಲು! ಹೆಸರು ಕೇಳಿ ಗಾಬರಿ ಆಗಬೇಡಿ, ಅದು ಅಂಚೆಯಣ್ಣನ ಕೆಲಸ ಮಾಡುತ್ತೆ ಅಷ್ಟೇ. ಯಾವ ನಂಬರ್ ಕೊಟ್ಟರೆ ಆ ಸಂಕೇತವನ್ನ ತಲುಪಿಸುತ್ತೆ. 15 ಅಂದ್ರೆ "ಕೆಲಸ ಮುಗಿಸಿ ಹೊರಡು". 9 ಅಂದ್ರೆ ಮಾತೇ ಇಲ್ಲ, ಅಲ್ಲೇ ಅಂತ್ಯ. 9ನ್ನ ಯಾವ ಪ್ರೋಗ್ರಾಮೂ ತಡೆಯೋಕಾಗಲ್ಲ, ಕಡೇ ಮಾತು ಹೇಳೋಕೂ ಆಗಲ್ಲ. ಲೋಕಲ್ ಸರ್ವರ್ ಜಗ್ಗದಿದ್ದಾಗ ನಾವೆಲ್ಲ ಹಿಂದೆಮುಂದೆ ನೋಡದೆ ಹೊಡೆಯೋದು ಇದನ್ನೇ.

ಈಗ ಒಂದು ಸಮಸ್ಯೆ. ಕೆಲವು ಪ್ರೋಗ್ರಾಮುಗಳಿಗೆ ಫೋನಿನ ಆ ಕಡೆ ಯಾರೂ ಇರಲ್ಲ. ಅವು ತೆರೆಮರೆಯಲ್ಲಿ ಹಗಲೂ ರಾತ್ರಿ ಓಡ್ತಾ ಇರ್ತವೆ. ಅವುಗಳಿಗೆ ಡೀಮನ್ ಅಂತ ಹೆಸರು. 1963ರಲ್ಲಿ ಎಂಐಟಿಯ ಪ್ರಾಜೆಕ್ಟ್ ಮ್ಯಾಕ್‌ನಲ್ಲಿ ಫರ್ನಾಂಡೊ ಕೊರ್ಬಾಟೊ ಅವರ ತಂಡ ಇಟ್ಟ ಹೆಸರದು. ಭೌತಶಾಸ್ತ್ರಜ್ಞ ಮ್ಯಾಕ್ಸ್‌ವೆಲ್ ಒಂದು ಕಾಲ್ಪನಿಕ ಜೀವಿಯನ್ನ ಕಟ್ಟಿದ್ದ. ಎರಡು ಕೋಣೆಗಳ ನಡುವಿನ ಬಾಗಿಲಲ್ಲಿ ಕೂತು ವೇಗದ ಅಣುಗಳನ್ನ ಒಂದು ಕಡೆ, ನಿಧಾನದವನ್ನ ಇನ್ನೊಂದು ಕಡೆ ಬಿಡುತ್ತಾ, ದಣಿಯದೆ ದುಡಿಯುವ ಜೀವಿ. ಅದರಿಂದ ಬಂದ ಹೆಸರು. ಕರಾವಳಿಯವರಿಗೆ ಇದನ್ನ ವಿವರಿಸೋದು ಸುಲಭ. ಅಲ್ಲಿ ಭೂತ ಅಂದ್ರೆ ಹೆದರಿಸೋದಕ್ಕಲ್ಲ, ಕಾಯೋದಕ್ಕೆ. ವೆಬ್ ಸರ್ವರಿನ ಹಳೇ ಹೆಸರು 'ಎಚ್‌ಟಿಟಿಪಿಡಿ'. ಕೊನೆಯ 'ಡಿ' ಈ ಡೀಮನ್ನೇ.

ಫೋನೇ ಇಲ್ಲದವನಿಗೆ "ಫೋನ್ ಇಟ್ಟರು" ಅನ್ನೋ ಸುದ್ದಿ ತಲುಪಿ ಏನು ಪ್ರಯೋಜನ? ಡೀಮನ್‌ಗಳ ಮಟ್ಟಿಗೆ ಹಪ್ ಕೆಲಸವಿಲ್ಲದೆ ಬಿದ್ದಿತ್ತು. ಹಾಗಾಗಿ ಡೀಮನ್ ಬರೆಯುವವರು ಅದಕ್ಕೆ ಹೊಸ ಅರ್ಥ ಕೊಟ್ಟರು: "ಸಾಯಬೇಡ. ನಿನ್ನ ಸೆಟಿಂಗ್ಸ್ ಬದಲಾಗಿವೆ, ಇನ್ನೊಮ್ಮೆ ಓದಿಕೋ." ಸಂಬಂಧ ಕಡಿಯುವ ಸುದ್ದಿಗೆಂದು ಹುಟ್ಟಿದ ಸಂಕೇತ, ಸಂಬಂಧ ಕಡಿಯದೆ ಬದಲಾಗುವ ದಾರಿಯಾಯ್ತು. ಈ ಇತಿಹಾಸದಲ್ಲಿ ನನಗೆ ತುಂಬ ಇಷ್ಟವಾದ ತಿರುವು ಇದು.

ಇನ್ನು ವೆಬ್ಬಿಗೆ ಬರೋಣ. 1990ರ ಕೊನೆ, ಜಿನೀವಾ ಬಳಿಯ ಸರ್ನ್. ಟಿಮ್ ಬರ್ನರ್ಸ್-ಲೀ ನೆಕ್ಸ್ಟ್ ಕಂಪನಿಯ ಕಪ್ಪು ಪೆಟ್ಟಿಗೆಯಂಥ ಕಂಪ್ಯೂಟರಿನಲ್ಲಿ ಜಗತ್ತಿನ ಮೊದಲ ವೆಬ್ ಸರ್ವರನ್ನೂ ಮೊದಲ ಬ್ರೌಸರನ್ನೂ ಬರೆದರು. ಎರಡೂ ಹುಟ್ಟಿದ್ದು ಆ ಒಂದೇ ಯಂತ್ರದಲ್ಲಿ. ಅಂದ್ರೆ ಜಗತ್ತನ್ನ ಆವರಿಸೋ ಮೊದಲು ವೆಬ್ ಕೂಡ ನಮ್ಮ ಲ್ಯಾಪ್‌ಟಾಪಿನ ಪ್ರಯೋಗದ ಹಾಗೆ ಒಂದು ಮೇಜಿನ ಮೇಲಿನ ಲೋಕಲ್ ವ್ಯವಹಾರವೇ. ಆದ್ರೆ ಬೇಗನೆ ಬೇರೆಯವರೂ ಅದನ್ನ ಅವಲಂಬಿಸಿದ್ರು. ಆಗ ಆ ಪೆಟ್ಟಿಗೆಗೆ ಒಂದು ಚೀಟಿ ಅಂಟಿಸಿದ್ರು. ಇದು ಸರ್ವರ್, ಆಫ್ ಮಾಡಬೇಡಿ ಅಂತ ಕೆಂಪು ಶಾಯಿಯಲ್ಲಿ ಕೈಯಿಂದ ಬರೆದ ಎಚ್ಚರಿಕೆ. ಯಾರೋ ರಾತ್ರಿ ಸ್ವಿಚ್ ಆರಿಸಿದ್ರೆ ಇಡೀ ವೆಬ್ಬೇ ಆರಿಹೋಗುತ್ತಿದ್ದ ಕಾಲ ಅದು.

ಮುಂದೆ ಇಲಿನಾಯ್ ವಿಶ್ವವಿದ್ಯಾಲಯದ ಎನ್‌ಸಿಎಸ್‌ಎಯಲ್ಲಿ ರಾಬ್ ಮೆಕೂಲ್ ಬರೆದ ಸರ್ವರ್ ಜನಪ್ರಿಯವಾಯ್ತು. 1994ರಲ್ಲಿ ಅವರು ಅಲ್ಲಿಂದ ಹೊರಟ ಮೇಲೆ ಅದರ ಬೆಳವಣಿಗೆ ನಿಂತಿತು. ಬಳಸುವವರು ತಂತಮ್ಮ ತೇಪೆ ತಾವೇ ಹಾಕಿಕೊಳ್ಳತೊಡಗಿದ್ರು. 1995ರ ಫೆಬ್ರವರಿಯಲ್ಲಿ ಎಂಟು ಮಂದಿ ಸೇರಿ ಆ ತೇಪೆಗಳನ್ನೆಲ್ಲ ಒಟ್ಟು ಹೊಲಿದ್ರು. ನಮ್ಮ ಉತ್ತರ ಕರ್ನಾಟಕದ ಅಜ್ಜಿಯರು ಕೌದಿ ಹೊಲಿಯೋ ಹಾಗೆ ಅನ್ನಿ. ಅದೇ ಅಪಾಚೆ. ಅಮೆರಿಕದ ಅಪಾಚೆ ಬುಡಕಟ್ಟಿನ ಮೇಲಿನ ಗೌರವಕ್ಕೆ ಇಟ್ಟ ಹೆಸರು. 'ಎ ಪ್ಯಾಚಿ ಸರ್ವರ್', ಅಂದ್ರೆ ತೇಪೆ ಸರ್ವರ್ ಅನ್ನೋ ಶ್ಲೇಷೆಯೂ ಜೊತೆಗೆ ಅಂಟಿಕೊಂಡಿತು. ಆ ವರ್ಷದ ಡಿಸೆಂಬರ್ 1ಕ್ಕೆ 1.0 ಆವೃತ್ತಿ ಬಂತು. ಒಂದು ವರ್ಷದೊಳಗೆ ಅದು ಇಂಟರ್‌ನೆಟ್ಟಿನ ನಂಬರ್ ಒನ್ ಸರ್ವರ್.

ಅಷ್ಟು ಜನ ಬಳಸೋಕೆ ಶುರು ಮಾಡಿದ ಮೇಲೆ ಹಪ್ ಸಾಲದಾಯ್ತು. ಯಾಕಂದ್ರೆ ಅಪಾಚೆಯಲ್ಲಿ ಒಬ್ಬ ಯಜಮಾನ ಪ್ರೋಗ್ರಾಮು, ಅವನ ಕೈಕೆಳಗೆ ಹತ್ತಾರು ಮಕ್ಕಳು. ಬಂದವರ ಜೊತೆ ಮಾತಾಡೋದು ಮಕ್ಕಳು. ಯಜಮಾನನಿಗೆ ಹಪ್ ಕಳಿಸಿದ್ರೆ ಅವನೇನೋ ಬದುಕಿರ್ತಾನೆ, ಮಕ್ಕಳನ್ನ ಮಾತ್ರ ಇದ್ದಲ್ಲೇ ನಿಲ್ಲಿಸಿಬಿಡ್ತಾನೆ. ಯಾರದೋ ಪುಟ ಅರ್ಧ ಬಂದಿರುತ್ತೆ, ಅಲ್ಲಿಗೇ ತುಂಡು. ಅದಕ್ಕೆ 1997ರಲ್ಲಿ ಬಂದ 1.2 ಆವೃತ್ತಿಯ ಹೊತ್ತಿಗೆ ಇನ್ನೊಂದು ಬಗೆಯ ರಿಸ್ಟಾರ್ಟ್ ಸೇರಿಸಿದ್ರು. ಹೆಸರು 'ಗ್ರೇಸ್‌ಫುಲ್'.

ದರ್ಶಿನಿಯ ಹೋಟೆಲಿನಲ್ಲಿ ರೇಟ್ ಬೋರ್ಡ್ ಬದಲಾಯ್ತು ಅಂದುಕೊಳ್ಳಿ. ಇಡ್ಲಿ ತಿನ್ನುತ್ತಿದ್ದವರ ತಟ್ಟೆ ಕಿತ್ತುಕೊಂಡು ಶಟರ್ ಎಳೆದು ಮತ್ತೆ ತೆಗೆಯೋದು ಒಂದು ದಾರಿ. ತಿನ್ನುತ್ತಿರುವವರು ಹಳೇ ರೇಟಿಗೇ ತಿಂದು ಹೋಗಲಿ, ಹೊಸದಾಗಿ ಬಂದವರಿಗೆ ಹೊಸ ರೇಟ್ ಅನ್ನೋದು ಇನ್ನೊಂದು. ಗ್ರೇಸ್‌ಫುಲ್ ಈ ಎರಡನೇದು. ಯಜಮಾನ ಹೊಸ ಸೆಟಿಂಗ್ಸ್ ಓದುತ್ತಾನೆ. ಹಳೇ ಮಕ್ಕಳಿಗೆ "ಕೈಯಲ್ಲಿರೋ ಕೆಲಸ ಮುಗಿಸಿ ಹೊರಡ್ರಪ್ಪಾ" ಅಂತಾನೆ. ಒಬ್ಬೊಬ್ಬರು ಹೋದ ಹಾಗೆ ಹೊಸ ಸೆಟಿಂಗ್ಸ್ ಗೊತ್ತಿರುವ ಹೊಸಬರನ್ನ ತರುತ್ತಾನೆ. ಹೊರಗಿನವರಿಗೆ ಏನೂ ಗೊತ್ತೇ ಆಗಲ್ಲ. ನಿಲ್ಲೋದಕ್ಕೂ ಶುರುವಾಗೋದಕ್ಕೂ ನಡುವೆ ಇದ್ದ ಸಂದಿ ಮುಚ್ಚಿಹೋಯ್ತು.

ಸಂಕೇತಗಳಿಗೆ ಹೊಸ ಅರ್ಥ ಕೊಡುವ ಚಾಳಿ ಒಮ್ಮೆ ತಮಾಷೆಗೂ ಇಟ್ಟುಕೊಂಡಿತು. ಮರ್ಯಾದೆಯಿಂದ ಪೂರ್ತಿ ನಿಲ್ಲೋಕೆ ಅಪಾಚೆ ಆರಿಸಿಕೊಂಡದ್ದು "ನಿನ್ನ ಕಿಟಕಿಯ ಅಳತೆ ಬದಲಾಯ್ತು" ಅಂತ ಹೇಳುವ ಸಂಕೇತವನ್ನ. ಡೀಮನ್ನಿಗೆ ಕಿಟಕಿ ಎಲ್ಲಿಯದು ಅನ್ನೋ ಲೆಕ್ಕಾಚಾರ. ಆದ್ರೆ ಲೋಕಲ್‌ನಲ್ಲಿ ಪರೀಕ್ಷೆ ಮಾಡುವವರು ಅದನ್ನ ಟರ್ಮಿನಲ್ ಕಿಟಕಿಯೊಳಗೇ ಕಣ್ಣೆದುರು ಓಡಿಸ್ತಾರಲ್ಲ! ಅಂಥವರು ಕಿಟಕಿಯ ಮೂಲೆ ಹಿಡಿದು ಸ್ವಲ್ಪ ಎಳೆದರೆ ಸಾಕು, ಸರ್ವರ್ ಬಾಯ್ ಹೇಳಿ ಹೊರಟುಹೋಗುತ್ತೆ.

2004ರಲ್ಲಿ ರಷ್ಯಾದ ಇಗೊರ್ ಸಿಸೊಯೆವ್ ಬಿಡುಗಡೆ ಮಾಡಿದ ಎಂಜಿನ್‌ಎಕ್ಸ್ ಈ ಮರ್ಯಾದೆಯನ್ನೇ ಮಾಮೂಲು ಮಾಡಿತು. ಅದಕ್ಕೆ ಹಪ್ ಕಳಿಸಿದ್ರೆ ಮೊದಲು ಹೊಸ ಸೆಟಿಂಗ್ಸ್ ಸರಿ ಇದೆಯಾ ನೋಡುತ್ತೆ. ಸರಿ ಇಲ್ಲದಿದ್ದರೆ ಹಳೇದರಲ್ಲೇ ಮುಂದುವರಿಯುತ್ತೆ. ಇವತ್ತು ಲಿನಕ್ಸ್‌ನಲ್ಲಿ ನಾವು ಬರೆಯುವ ಸಿಸ್ಟಮ್‌ಸಿಟಿಎಲ್ ಕಮಾಂಡಿಗೆ 'ರಿಸ್ಟಾರ್ಟ್' ಅಂತಲೂ ಹೇಳಬಹುದು, 'ರೀಲೋಡ್' ಅಂತಲೂ ಹೇಳಬಹುದು. ಎರಡು ಪದಗಳ ನಡುವೆ ಇರೋದು ಇಷ್ಟೂ ವರ್ಷಗಳ ಇತಿಹಾಸ.

ಹಾಗಾದ್ರೆ ಲೋಕಲ್‌ನಲ್ಲಿ ಇದೆಲ್ಲ ಯಾಕೆ ಬೇಕು? 127.0.0.1 ಅಂದ್ರೆ ನಮ್ಮದೇ ಯಂತ್ರ, ತನ್ನ ಜೊತೆ ತಾನೇ ಮಾತಾಡಿಕೊಳ್ಳೋ ವಿಳಾಸ. ಅಲ್ಲಿ ಫೀಸ್ ಕಟ್ಟುವ ತಂದೆಯಿಲ್ಲ, ಇಡ್ಲಿ ತಿನ್ನುವ ಗಿರಾಕಿಯಿಲ್ಲ. ಕಂಟ್ರೋಲ್-ಸಿ ಒತ್ತಿ ಎಷ್ಟು ಸಲ ಬೇಕಾದ್ರೂ ಕುಕ್ಕಬಹುದು. ಕಮಾಂಡಿನ ಮೊದಲ ಪದವೇ 'ಸುಡು' ಅಂತ ಕೇಳಿಸುತ್ತಲ್ಲ, ಸುಟ್ಟರೆ ನಮ್ಮ ಮನೆಯೇ ತಾನೇ?

ನಾನೂ ಹಾಗೇ ಅಂದುಕೊಂಡಿದ್ದೆ. ಆದ್ರೆ ಆ ಮಂಗಳವಾರ ಬಲಗಡೆ ಕಿಟಕಿಯಲ್ಲಿ ಎಂಟರ್ ಹೊಡೆದದ್ದು ಲೋಕಲ್‌ನಲ್ಲಿ ಪಳಗಿದ ಬೆರಳು. ಲೋಕಲ್ ಸರ್ವರಿಗೆ ನಷ್ಟವಾಗಲ್ಲ, ನಿಜ. ಅಭ್ಯಾಸ ಆಗೋದು ನಮಗೆ. ಮನೆಯಲ್ಲಿ ಬಾಗಿಲು ಬಡಿದು ರೂಢಿಯಾದವರು ನೆಂಟರ ಮನೆಯಲ್ಲೂ ಬಡೀತಾರೆ.

ಅವತ್ತಿನಿಂದ ಲೋಕಲ್‌ನಲ್ಲೂ ಮೊದಲು ಸೆಟಿಂಗ್ಸ್ ಪರೀಕ್ಷೆ. 'ಸಿಂಟ್ಯಾಕ್ಸ್ ಓಕೆ' ಅಂತ ಬರೋ ತನಕ ಕೈ ಮುಂದಕ್ಕೆ ಹೋಗಲ್ಲ. ಆಮೇಲೆ ರೀಲೋಡ್. ಅದಕ್ಕೂ ಬಗ್ಗದಿದ್ದರೆ ಮಾತ್ರ ರಿಸ್ಟಾರ್ಟ್. ಎರಡು ಸೆಕೆಂಡ್ ಜಾಸ್ತಿ ಹಿಡಿಯುತ್ತೆ, ಹಿಡೀಲಿ.

ಇನ್ನೊಂದು ಕೆಲಸವನ್ನ ಆ ಹಿರಿಯರು ಅವತ್ತೇ ನನ್ನ ಕೈಯಲ್ಲಿ ಮಾಡಿಸಿದ್ರು. ಲೈವ್ ಸರ್ವರಿನ ಕಿಟಕಿಗೆ ಬಣ್ಣ ಬದಲಾಯಿಸಿಕೋ ಅಂದ್ರು. ಅದರ ಹಿನ್ನೆಲೆ ಈಗಲೂ ಕೆಂಪು. ಸರ್ನ್‌ನ ಆ ಚೀಟಿಯ ಶಾಯಿಯ ಬಣ್ಣವೂ ಅದೇ ಅಂತ ನನಗೆ ಗೊತ್ತಾಗಿದ್ದು ಎಷ್ಟೋ ದಿನದ ಮೇಲೆ.